ಒಳಮನೆಯವನ ಹೆಸರು

ಮಸ್ಕಿಯ ಗಾಣದ ಹಂಪಣ್ಣ ಬಸ್ಸು ಹತ್ತಿದನೆಂದರೆ ಕಂಡಕ್ಟರ್ ಬಂದೇಸಾಬನದು ಒಂದೇ ಮಾತು: "ಟಿಕೀಟು ಒಂದೋ ಎರಡೋ, ಸಾವ್ಕಾರ್ರ?" ಬಸ್ಸಿನಲ್ಲಿದ್ದವರೆಲ್ಲ ನಗುತ್ತಿದ್ದರು. ಹಂಪಣ್ಣನೂ ನಗುತ್ತಿದ್ದ. ನಕ್ಕು, ಸೀಟಿನ ಒಂದು ಅಂಚಿಗೆ ಸರಿದು, ಪಕ್ಕದಲ್ಲಿ ಇನ್ನೊಬ್ಬ ಕೂಡುವಷ್ಟು ಜಾಗ ಬಿಟ್ಟು ಕೂತುಬಿಡುತ್ತಿದ್ದ. ಆ ಜಾಗಕ್ಕೆ ಯಾರಾದರೂ ಬಂದರೆ ಏಳಿಸುತ್ತಿರಲಿಲ್ಲ, ಅಷ್ಟು ಹುಚ್ಚೇನೂ ಹಿಡಿದಿರಲಿಲ್ಲ. ಆದರೆ ಯಾರೂ ಬಾರದಿದ್ದರೆ ಲಿಂಗಸುಗೂರು ಮುಟ್ಟುವವರೆಗೂ ತಾನಾಗಿ ಆ ಕಡೆ ಸರಿಯುತ್ತಿರಲಿಲ್ಲ. ಮನೆಯ ಪಡಸಾಲೆಯ ಹಲಗೆಯ ಮೇಲೂ ಹಾಗೆಯೇ, ಮದುವೆಯ ಪಂಕ್ತಿಯಲ್ಲೂ ಹಾಗೆಯೇ. ಪಾಲಿನ ಮಠಕ್ಕೆ ನಡೆದುಕೊಳ್ಳುವವರೆಲ್ಲ ಹೀಗೆಯೇ ಕೂಡುತ್ತಿದ್ದರು.

ಪಾಲಿನ ಮಠವೆಂದರೆ ದೊಡ್ಡ ಮಠವೆಂದುಕೊಳ್ಳಬೇಡಿ. ಲಿಂಗಸುಗೂರಿನ ಹೊರಗೆ, ಜೋಳದ ಹೊಲಗಳ ನಡುವೆ, ಎರಡು ಖೋಲಿಯ ಮಣ್ಣಿನ ಮನೆ. ಅಲ್ಲಿದ್ದ ಮುದುಕ ಅಯ್ಯ ಕರಿಬಸಯ್ಯನಿಗೆ ಪಲ್ಲಕ್ಕಿ ಇರಲಿಲ್ಲ, ಕಾಣಿಕೆಯ ಆಸೆ ಮೊದಲೇ ಇರಲಿಲ್ಲ. ಬಂದವರಿಗೆ ಅವನು ಹೇಳುತ್ತಿದ್ದುದು ಇಷ್ಟು: "ಮನಿಗೆ ಪಡಸಾಲಿ ಬ್ಯಾರೆ, ಒಳಮನಿ ಬ್ಯಾರೆ. ಪಡಸಾಲ್ಯಾಗ ಕುಂತು ವ್ಯಾಪಾರ ಮಾತಾಡತಿ, ಒಳಮನ್ಯಾಗ ಕುಂತು ಅಳತಿ. ಮನಿಗೆ ಎರಡು ಇರುವಾಗ ಮನಷ್ಯಾಗ ಯಾಕ ಒಂದು? ಎರಡನ್ನೂ ಒಂದರಾಗ ತುರುಕಿದ್ರ ಬಾಜಾರದಾಗ ಅಳತಿ, ಹೆಂಡ್ತಿ ಮುಂದ ವ್ಯಾಪಾರ ಮಾಡತಿ. ಪಾಲಾಗಪಾ, ಪಾಲಾಗು."

ಪಾಲಾಗಲು ಬಂದವನು ಎರಡು ಖೋಲಿಗಳ ನಡುವಿನ ಹೊಸ್ತಿಲ ಮೇಲೆ ನಿಲ್ಲಬೇಕು. ಅಯ್ಯ ಒಂದು ಉತ್ತತ್ತಿಯನ್ನು ಸೀಳಿ ಅರ್ಧ ಬಾಯಿಗೆ ಹಾಕಿ, ಇನ್ನರ್ಧ ಕೈಗೆ ಕೊಡುವನು. ಲೋಕದ ಹೆಸರು ಪಡಸಾಲೆಯವನದು. ಒಳಮನೆಯವನಿಗೆ, ಅಂದರೆ ಅಳುವವನಿಗೆ, ಅಂಜುವವನಿಗೆ, ತಪ್ಪಾಯಿತೆನ್ನುವವನಿಗೆ, ಅಯ್ಯ ಬೇರೆ ಹೆಸರಿಟ್ಟು ಕಿವಿಯಲ್ಲಿ ಊದುವನು. ಆ ಹೆಸರನ್ನು ತನ್ನ ಬಾಯಿಂದ ಒಂದೇ ಒಂದು ಸಲ ಹೇಳಬಹುದು, ಅದೂ ತಾನು ನಂಬಿದ ಒಬ್ಬರಿಗೆ. ಆ ಒಬ್ಬರು ಯಾವಾಗ ಆ ಹೆಸರು ಹಿಡಿದು ಕರೆದರೂ ಪಡಸಾಲೆಯವನು ಎದ್ದು ಜಾಗ ಬಿಡಬೇಕು, ಒಳಮನೆಯವನು ಹೊರಬರಬೇಕು. ಏನಿಲ್ಲವೆಂದರೂ ಪ್ರತಿ ಅಮಾವಾಸ್ಯೆಗೆ ಕರೆಸಿಕೊಳ್ಳಲೇಬೇಕೆಂಬುದು ಮಠದ ಕಟ್ಟು. ಮಠದವರು ಒಬ್ಬರ ಮನೆಗೊಬ್ಬರು ಹೋದರೆ ಬಾಗಿಲಲ್ಲಿ ನಿಂತು "ಯಾರದೀರಿ?" ಎಂದು ಕೇಳುತ್ತಿದ್ದರು. ಮನೆಯೊಡೆಯ "ಪಡಸಾಲಿಯವರು" ಎಂದೋ "ಒಳಮನಿಯವರು" ಎಂದೋ ಉತ್ತರ ಕೊಡುತ್ತಿದ್ದ. ಕೇಳಿದ ಹೊರಗಿನವರು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು, ಅದರಲ್ಲಿ ಅವರ ತಪ್ಪೇನೂ ಇಲ್ಲ.

ಹಂಪಣ್ಣ ಪಾಲಾಗಲು ಹೋದದ್ದು ಪೋಲೀಸ್ ಆ್ಯಕ್ಷನ್ ಆದ ವರ್ಷ, ನಲವತ್ತೆಂಟರ ದೀಪಾವಳಿಯ ಹೊತ್ತಿಗೆ. ಅದಕ್ಕೆ ಕೆಲವು ತಿಂಗಳ ಹಿಂದೆ ಬಂದೂಕಿನವರು ಕೆಲವರು ಗಾಣದ ಮನೆಗೆ ನುಗ್ಗಿ ಕುಸುಬಿ ಎಣ್ಣೆಯ ಡಬ್ಬಿಗಳನ್ನೆಲ್ಲ ಹೊತ್ತುಕೊಂಡು ಹೋಗಿದ್ದರು. ಎಣ್ಣೆ ಹೋದದ್ದು ಹಂಪಣ್ಣನಿಗೆ ದೊಡ್ಡದಾಗಿರಲಿಲ್ಲ. ಬಂದೂಕಿನ ಮುಂದೆ ಅವನು ಕೈಮುಗಿದು, ಮೊಣಕಾಲೂರಿ, ಚಿಕ್ಕ ಹುಡುಗನಂತೆ ಗೊಳೋ ಎಂದು ಅತ್ತಿದ್ದ. ಬಾಜಾರವೆಲ್ಲ ನೋಡಿತ್ತು. ಅವರು ಹೋದ ಮೇಲೆ ಹೆಂಡತಿ ಸಂಗಮ್ಮ ಸೆರಗಿನಿಂದ ಅವನ ಮುಖ ಒರೆಸಿ, "ಜೀವ ಉಳೀತಲ್ಲ, ಬಿಡ್ರಿ" ಅಂದಿದ್ದಳು. ಆ ವರ್ಷ ಅಳದಿದ್ದವರು ಯಾರು? ಆದರೆ ಹಂಪಣ್ಣ ಅದನ್ನು ಮರೆಯಲಿಲ್ಲ. ಹೆಂಡತಿ ಮುಖ ಒರೆಸಿದ್ದೇ ಅವನಿಗೆ ಹೆಚ್ಚು ಚುಚ್ಚಿತ್ತು. ಆ ಅಳುಬುರುಕನನ್ನು ತನ್ನಿಂದ ಬೇರೆ ಮಾಡಿ ಎಲ್ಲಾದರೂ ಕಟ್ಟಿಹಾಕಬೇಕೆಂದು ಅವನು ಮಠದ ಹೊಸ್ತಿಲೇರಿದ.

ಹೆಸರಿಟ್ಟಾದ ಮೇಲೆ ಕರಿಬಸಯ್ಯ ಕೇಳಿದ: "ಯಾರಿಗೆ ಕೊಡಾಂವ? ಮನ್ಯಾಕಿಗೆ ಕೊಡು. ಬಾಳ ಮಂದಿ ಹಂಗ ಮಾಡ್ಯಾರ."

"ಹೆಂಡ್ತಿ ಕೈಯಾಗ ಮೂಗುದಾರ ಕೊಟ್ಟಂಗ ಆಗತೈತ್ರಿ, ಅಜ್ಜಾರ."

"ಮತ್ತ?"

"ದಾವಲ್‌ಸಾಬ್ ಅದಾನ್ರಿ. ಪಿಂಜಾರ. ಸಣ್ಣಾಂವ ಇದ್ದಾಗಿಂದ ನನ್ನ ಜೋಡಿ."

ಮುದುಕ ಉಳಿದ ಉತ್ತತ್ತಿಗಳನ್ನು ಅರಿವೆಯಲ್ಲಿ ಕಟ್ಟಿಟ್ಟ. "ಹೆಸರಿಗೆ ಜಾತಿಲ್ಲ, ಯಾರಿಗೆ ಬೇಕಾದ್ರೂ ಕೊಡು. ಆದ್ರ ಒಂದು ಮಾತು ತಿಳ್ಕೊ. ಪಾಲಾಗೋದು ಬಿಟ್ಟು ಹೋಗಾಕಲ್ಲ, ಕರದು ಕೂಡಾಕ." ಹಂಪಣ್ಣ ಹೂಂ ಅಂದ. ಗಾಣದ ಲೆಕ್ಕದಲ್ಲಿ ಚುರುಕಾಗಿದ್ದ ಮನುಷ್ಯ ಈ ಮಾತನ್ನು ಮಾತ್ರ ಒಂದು ಕಿವಿಯಲ್ಲಿ ಕೇಳಿ ಇನ್ನೊಂದರಲ್ಲಿ ಬಿಟ್ಟ.

ಹತ್ತಿ ಪಿಂಜಿ ಗಾದಿ ತುಂಬುತ್ತಿದ್ದ ದಾವಲ್‌ಸಾಬ್ ನಗೆಗಾರ. ಮೊದಲ ಅಮಾವಾಸ್ಯೆಯ ಮಧ್ಯಾಹ್ನ ಇಬ್ಬರೂ ಊರ ಹೊರಗಿನ ಬಾವಿಯ ಕಟ್ಟೆಗೆ ಹೋದರು. "ಇದೆಂಥಾ ಹುಚ್ಚಾಟಲೇ" ಎಂದು ನಗುತ್ತಲೇ ದಾವಲ್‌ಸಾಬ್ ಆ ಹೆಸರು ಕರೆದ. ಕರೆದದ್ದೇ ತಡ, ಹಂಪಣ್ಣ ಬಂದೂಕು, ಎಣ್ಣೆ, ಬಾಜಾರ, ಸತ್ತ ಅಪ್ಪ ಎಲ್ಲವನ್ನೂ ಹೇಳಿಕೊಂಡು ಅತ್ತ. ದಾವಲ್‌ಸಾಬನ ನಗು ನಿಂತುಹೋಯಿತು. ಸಂಜೆ ಹಂಪಣ್ಣ ಹಗುರಾಗಿ ಮನೆಗೆ ಬಂದಾಗ ಸಂಗಮ್ಮ ಅವನ ಕೆಂಪು ಕಣ್ಣು ನೋಡಿ ಏನೂ ಕೇಳಲಿಲ್ಲ. ಒಳ್ಳೆಯದೇ ಆಯಿತೆಂದುಕೊಂಡಳು. ಆದರೆ ಗಂಡನ ಕಣ್ಣೀರು ಪಿಂಜಾರನ ಪಾಲಾಯಿತಲ್ಲ ಎಂದು ಅವಳ ಹೊಟ್ಟೆಯಲ್ಲಿ ಸಣ್ಣ ಉರಿಯೊಂದು ಎದ್ದಿರಬೇಕು. ಅಷ್ಟೂ ಏಳದಿದ್ದರೆ ಅವಳನ್ನು ಹೆಂಡತಿ ಅನ್ನುವುದು ಹೇಗೆ?

ಮುಂದಿನ ವರ್ಷ ದಾವಲ್‌ಸಾಬ್ ಊರು ಬಿಟ್ಟ. ಆ ದಿನಗಳಲ್ಲಿ ಮುಸಲ್ಮಾನರನ್ನು ನೋಡುವ ಬಾಜಾರದ ಕಣ್ಣುಗಳು ಬದಲಾಗಿದ್ದವು. ನಿನ್ನೆ ಗಾದಿ ತುಂಬಿಸಿಕೊಂಡವರು ಇಂದು ಮುಖ ತಿರುಗಿಸುತ್ತಿದ್ದರು. ಅವನು ಪಿಂಜುವ ಬಿಲ್ಲನ್ನು ಅಟ್ಟಕ್ಕೇರಿಸಿ, ಹೆಂಡತಿ ಶಾಕೀರಾಳನ್ನು ಕರೆದುಕೊಂಡು ಹಟ್ಟಿಯ ಚಿನ್ನದ ಗಣಿಗೆ ಕೂಲಿಗೆ ಹೋದ. "ಅಮಾಸಿಗೆ ಬಾರಲೇ ಹಂಪಾ, ಹೆಸರು ನನ್ನ ಕಡೆ ಐತಿ" ಎಂದು ಹೇಳಿಯೇ ಹೋದ. ಹಂಪಣ್ಣ ಕೆಲವು ಅಮಾವಾಸ್ಯೆ ಹೋಗಿ ಬಂದ. ಆಮೇಲೆ ಒಂದು ಸಲ ಕುಸುಬಿಯ ಸುಗ್ಗಿ ಅಡ್ಡ ಬಂತು, ಇನ್ನೊಂದು ಸಲ ಗಾಣದ ಎತ್ತಿಗೆ ಕಾಲುಬೇನೆ. ಆಮೇಲೆ ಅಡ್ಡ ಏನೂ ಬರದಿದ್ದರೂ ಅವನು ಹೋಗಲಿಲ್ಲ.

ನಿಜ ಹೇಳಬೇಕೆಂದರೆ ಅವನಿಗೆ ಹಾಗೇ ಸುಖವಾಗಿತ್ತು. ಅಳುವವನು ಹಟ್ಟಿಯಲ್ಲಿ ಕಟ್ಟಿಹಾಕಿದಂತಿದ್ದ, ಇಲ್ಲಿ ಪಡಸಾಲೆಯವನೊಬ್ಬನೇ ರಾಜ. ಮಾತು ಖಡಕ್ಕಾಯಿತು, ವ್ಯಾಪಾರ ಬೆಳೆಯಿತು. ಅಣ್ಣತಮ್ಮಂದಿರ ಜಗಳ ಬಿಡಿಸಲು ಊರವರು ಅವನನ್ನೇ ಕರೆಯತೊಡಗಿದರು. ಕಣ್ಣಲ್ಲಿ ನೀರಿಲ್ಲದ ಮನುಷ್ಯ ನ್ಯಾಯ ಚೆನ್ನಾಗಿ ಹೇಳುತ್ತಾನೆಂದು ಜನ ತಿಳಿದಿದ್ದರು. ಎದುರು ಮನೆಯ ಕಸ್ತೂರೆಮ್ಮ ಸಂಗಮ್ಮನ ಮುಂದೆ, "ನಿನ್ನ ಗಂಡ ಎಷ್ಟು ಗಟ್ಟಿ ಆಗ್ಯಾನ ನೋಡವಾ" ಎಂದು ಹೊಗಳಿದರೆ ಸಂಗಮ್ಮ, "ಹೌದಬೇ, ಕಲ್ಲು ಆಗ್ಯಾರ" ಎಂದು ಹೇಳಿ ಒಳಗೆ ಹೋಗಿಬಿಡುತ್ತಿದ್ದಳು.

ಐವತ್ತೊಂದರ ಬೇಸಿಗೆಯಲ್ಲಿ ಅವರ ಒಬ್ಬಳೇ ಮಗಳು ಈರಮ್ಮ ಜ್ವರ ಬಂದು ತೀರಿಕೊಂಡಳು. ಗಾಣದ ಎತ್ತಿನ ಹಿಂದೆ ತಾನೂ ಕಣ್ಣು ಕಟ್ಟಿಕೊಂಡು ಸುತ್ತು ಹಾಕುತ್ತಿದ್ದ ಮಗು. ಹಂಪಣ್ಣ ಅವಳನ್ನು ತಾನೇ ಎತ್ತಿಕೊಂಡು ಹೋಗಿ ಮಣ್ಣು ಮಾಡಿದ. ಬಂದವರಿಗೆಲ್ಲ ಅವನೇ ಸಮಾಧಾನ ಹೇಳಿದ. ಮರುದಿನ ಬೆಳಿಗ್ಗೆ ಗಾಣದ ಕಿರ್ರೆನ್ನುವ ಸದ್ದು ಕೇಳಿ ಊರು ಮೂಗಿನ ಮೇಲೆ ಬೆರಳಿಟ್ಟಿತು.

ಅಂದು ಉಣ್ಣಲು ಕೂತಾಗ ಸಂಗಮ್ಮ ರೊಟ್ಟಿ ಬಡಿಸದೆ ಎದುರಿಗೆ ಕೂತಳು. "ಒಳಮನಿಯವ್ರನ್ನ ಕರೀರಿ."

"ಯಾಕ?"

"ನಾ ಒಬ್ಬಾಕಿ ಅಳಾಕತ್ತೀನ್ರಿ. ನನ್ನ ಜೋಡಿ ಕುಂತು ಒಂದೀಟು ಅಳಲಿ. ಅವರಿಗೂ ಮಗಳಲ್ಲೇನು?"

"ಹೆಸರು ನನ್ನ ಬಾಯಿಲೆ ಎರಡನೇ ಸಲ ಹೇಳಂಗಿಲ್ಲ. ಮಠದ ಕಟ್ಟು ನಿನಗ ಗೊತ್ತಿಲ್ಲೇನು?"

"ಹಂಗಾದ್ರ ಹಟ್ಟಿಗೆ ಹೋಗಿ ದಾವಲಣ್ಣನ್ನ ಕರಕೊಂಡು ಬರ್ರಿ."

"ನೋಡೋಣ," ಎಂದ ಹಂಪಣ್ಣ. "ಈ ಕುಸುಬಿ ಮುಗೀಲಿ."

ಕುಸುಬಿ ಮುಗಿಯಿತು. ಅವನು ಹೋಗಲಿಲ್ಲ. ಸಂಗಮ್ಮ ಇನ್ನೂ ಎರಡು ಸಲ ಕೇಳಿದಳು, ಎರಡು ಸಲವೂ ಅವನು ಬೇರೆ ಮಾತು ತೆಗೆದ. ಕಟ್ಟು ಎಂಬುದು ಬರೀ ನೆಪವಾಗಿತ್ತು. ಒಳಮನೆಯವನು ಬಂದರೆ ಈರಮ್ಮನನ್ನೂ ಜೊತೆಗೆ ಕರೆತರುತ್ತಾನೆ, ಆಮೇಲೆ ಅವನನ್ನು ತಿರುಗಿ ಕಳಿಸುವುದು ತನ್ನಿಂದಾಗದು ಎಂದು ಹಂಪಣ್ಣ ಹೆದರಿದ್ದ. ಹೆದರಿದ್ದೇನೆಂದು ಒಪ್ಪಿಕೊಳ್ಳಲು ಹೆದರುವವನೇ ಬೇಕಲ್ಲ, ಅವನನ್ನೋ ಇವನು ಊರು ಬಿಡಿಸಿದ್ದ.

ಮಳೆಗಾಲದಲ್ಲಿ ಸಂಗಮ್ಮ ತವರಿಗೆಂದು ಸಂತೆಕಲ್ಲೂರಿಗೆ ಹೋಗಿ ಕೆಲವು ದಿನ ಇದ್ದು ಬಂದಳು. ಬಂದ ಮೇಲೆ ಒಳಮನೆಯವನ ಮಾತನ್ನೇ ಎತ್ತಲಿಲ್ಲ. ಹಂಪಣ್ಣನಿಗೆ ದೊಡ್ಡ ಭಾರ ಇಳಿದಂತಾಯಿತು. ತವರಿನ ಗಾಳಿ ತಾಗಿ ಸುಧಾರಿಸಿಕೊಂಡಳೆಂದು ಅವನು ತಿಳಿದ. ಅವಳದೊಂದು ಹೊಸ ರೂಢಿ ಮಾತ್ರ ಶುರುವಾಗಿತ್ತು. ಸಂಜೆ ದೀಪ ಹಚ್ಚಿದ ಮೇಲೆ ಪಡಸಾಲೆಗೆ ಬಂದು, ಹಲಗೆಯ ಮೇಲೆ ಅವನು ಖಾಲಿ ಬಿಟ್ಟ ಅರ್ಧದಲ್ಲಿ ಕೂಡುತ್ತಿದ್ದಳು. ಮಾತಿಲ್ಲ. ಅವನ ಮುಖವನ್ನೇ ನೋಡುತ್ತಿದ್ದಳು. ಒಮ್ಮೊಮ್ಮೆ ಏನೋ ಹೇಳಲು ತುಟಿ ತೆರೆದು ಮತ್ತೆ ಮುಚ್ಚಿಕೊಳ್ಳುತ್ತಿದ್ದಳು. ಆಮೇಲೆ ಎದ್ದು ಒಲೆಯ ಕಡೆ ಹೋಗುತ್ತಿದ್ದಳು.

"ಏನರ ಹೇಳಾಕಿ ಇದ್ದಿಯೇನು?" ಎಂದು ಅವನೊಮ್ಮೆ ಕೇಳಿದ.

"ಇಲ್ಲ್ರಿ. ನೀವು ಏನರ ಹೇಳ್ತೀರೇನೋ ಅಂತ ಕುಂತಿದ್ದೆ."

"ನನ್ನದೇನೈತಿ ಹೇಳಾಕ," ಎಂದು ಹಂಪಣ್ಣ ಹಿಂಡಿಯ ರೇಟಿನ ಮಾತು ತೆಗೆದ. ಪಾಪ, ಅವಳು ಅದನ್ನೂ ಪೂರ್ತಿ ಕೇಳಿಸಿಕೊಂಡಳು.

ವರ್ಷಗಳು ಹೀಗೆಯೇ ಹೋದವು. ಸಿಂಧನೂರಿನ ಕಡೆ ಕಾಲುವೆ ಬಂತು. ಗೊರೇಬಾಳದ ಎರೆಹೊಲಗಳಲ್ಲಿ ನೀರು ನಿಂತದ್ದನ್ನು ನೋಡಲು ಜನ ಬಂಡಿ ಕಟ್ಟಿಕೊಂಡು ಹೋಗಿಬಂದರು. ಐವತ್ತಾರರಲ್ಲಿ ಹೈದರಾಬಾದಿನ ರಾಜ್ಯ ಒಡೆದು ರಾಯಚೂರು ಜಿಲ್ಲೆ ಮೈಸೂರಿಗೆ ಸೇರಿತು. ಬಾಜಾರದಲ್ಲಿ ಸಕ್ಕರೆ ಹಂಚಿದವರಲ್ಲಿ ಹಂಪಣ್ಣನೂ ಒಬ್ಬ. ಸಂಗಮ್ಮ ಆ ಸಕ್ಕರೆಯನ್ನು ಬಾಯಿಗಿಡಲಿಲ್ಲ. ದಸರೆಯಿಂದ ಅವಳ ಹೊಟ್ಟೆಯಲ್ಲಿ ನೋವಿತ್ತು, ಯಾರಿಗೂ ಹೇಳಿರಲಿಲ್ಲ. ಹೇಳಿದ್ದರೂ ಕೇಳುವವನು ಮನೆಯಲ್ಲಿರಲಿಲ್ಲವೆಂದು ಅವಳಿಗೆ ಗೊತ್ತಿತ್ತು.

ನೋವು ತಾಳಲಾರದೆ ಕೂಗಿಕೊಂಡ ದಿನ ಅವಳನ್ನು ಸಿಂಧನೂರಿನ ದವಾಖಾನೆಗೆ ಸೇರಿಸಿದರು. ತಡವಾಗಿದೆ ಎಂದು ಡಾಕ್ಟರು ನೇರವಾಗಿಯೇ ಹೇಳಿದ. ಹಂಪಣ್ಣ ಓಡಾಡಿದ, ಔಷಧಿ ತಂದ, ನರ್ಸಮ್ಮನ ಕೂಡ ಜಗಳಾಡಿ ಕಿಟಕಿಯ ಪಕ್ಕದ ಮಂಚ ಕೊಡಿಸಿದ. ಪಡಸಾಲೆಯವನು ಮಾಡಬೇಕಾದುದರಲ್ಲಿ ಒಂದನ್ನೂ ಬಿಡಲಿಲ್ಲ. ಮರುದಿನ ಹೊತ್ತೇರುವಾಗ ಸಂಗಮ್ಮ ಕಣ್ಣು ತೆರೆದು ಅವನನ್ನು ಬಹಳ ಹೊತ್ತು ನೋಡಿದಳು. ಆಮೇಲೆ ಮಠದವರು ಕೇಳುವಂತೆಯೇ ಕೇಳಿದಳು:

"ಯಾರದೀರಿ?"

ಹಂಪಣ್ಣ ಅವಳ ಕೈ ಹಿಡಿದುಕೊಂಡಿದ್ದ. ಗಂಟಲಲ್ಲಿ ಏನೋ ಉಬ್ಬಿ ಬಂತು. ಅದನ್ನು ನುಂಗಿ, ರೂಢಿಯ ಉತ್ತರವನ್ನೇ ಕೊಟ್ಟ. "ಪಡಸಾಲಿಯವ್ರು."

ಅವಳ ತುಟಿ ಅಲುಗಿತು, ಯಾರನ್ನೋ ಕರೆಯುವವರ ಹಾಗೆ. ಕರೆಯಲಿಲ್ಲ. "ಹೌದಾ," ಎಂದು ಮುಖವನ್ನು ಕಿಟಕಿಯ ಕಡೆ ತಿರುಗಿಸಿದಳು. ಮಧ್ಯಾಹ್ನದೊಳಗೆ ಜೀವ ಹೋಯಿತು.

ಮಣ್ಣು ಮಾಡಿ ಬಂದವನಿಗೆ ಈ ಸಲ ಗಾಣ ಹೂಡಲಾಗಲಿಲ್ಲ. ಕಣ್ಣುಗಳು ಒಣಗಿಯೇ ಇದ್ದವು, ಎದೆಯಲ್ಲಿ ಮಾತ್ರ ಬೀಸುಗಲ್ಲು ಇಟ್ಟ ಹಾಗೆ ಭಾರ. ಊರವರು ಎಂದಿನಂತೆ ಗಟ್ಟಿ ಗುಂಡಿಗೆ ಎಂದು ಹೊಗಳಿದಾಗ ಅವನಿಗೆ ಮೊದಲ ಸಲ ನಾಚಿಕೆಯಾಯಿತು. ಕಾರ್ಯ ಮುಗಿದ ಮೇಲೆ ಲಿಂಗಸುಗೂರಿಗೆ ಹೋಗಿ ಕರಿಬಸಯ್ಯನ ಮುಂದೆ ಕೂತ. ಮುದುಕನಿಗೆ ಆಗ ಕಣ್ಣು ಸರಿಯಾಗಿ ಕಾಣುತ್ತಿರಲಿಲ್ಲ.

"ಸಂಗಮ್ಮ ಹೋದ್ಲರಿ, ಅಜ್ಜಾರ. ನನಗ ಅಳು ಬರವಲ್ದು. ಒಳಮನಿಯಾಂವನ್ನ ನೀವ ಕರೀರಿ."

"ಹೆಸರು ನಾ ಇಟ್ಟಾವ, ಕರಿಯಾವಲ್ಲ. ಎಷ್ಟು ದಿನ ಆತು ಅವನ್ನ ಕರಸಿ?"

ಹಂಪಣ್ಣ ಬೆರಳು ಮಡಚಿ ವರ್ಷ ಎಣಿಸತೊಡಗಿ, ನಡುವೆಯೇ ಬಿಟ್ಟ.

"ಪಾಲಾದ ಅಣ್ಣತಮ್ಮಂದ್ರೂ ಹಬ್ಬಕ್ಕ ಒಂದ ಪಂಕ್ತ್ಯಾಗ ಉಣ್ತಾರ. ನೀ ನಡುವ ಗ್ವಾಡಿ ಕಟ್ಟಿ ಬಾಗ್ಲಾನ ಇಡಲಿಲ್ಲ. ನನ್ನದೂ ತಪ್ಪೈತಿ. ಅಂಜಿ ಬಂದಾವನ್ನ ನಾ ಪಾಲು ಮಾಡಬಾರದಿತ್ತು." ಮುದುಕ ತಡವರಿಸಿ ಅವನ ಹೆಗಲ ಮೇಲೆ ಕೈಯಿಟ್ಟ. "ಹಟ್ಟಿಗೆ ಹೋಗು."

ಹಟ್ಟಿಯಲ್ಲಿ ದಾವಲ್‌ಸಾಬ್ ಗಣಿಯ ಪಾಳಿ ಮುಗಿಸಿ ಆಗಷ್ಟೇ ಕಂಪನಿಯ ಖೋಲಿಗೆ ಬಂದಿದ್ದ. ಕೂದಲು ಬೆಳ್ಳಗಾಗಿತ್ತು, ಮಾತಿನ ನಡುವೆ ಕೆಮ್ಮು. ಹಂಪಣ್ಣನನ್ನು ನೋಡಿ ಶಾಕೀರಾ ಅಂಗಳದಲ್ಲಿ ಚಾಪೆ ಹಾಸಿದಳು. ಅವನು ರೂಢಿಯಂತೆ ಚಾಪೆಯ ಅಂಚಿಗೆ ಕೂತು, ಸಂಗಮ್ಮ ತೀರಿದ್ದನ್ನು ಹೇಳಿದ. ದಾವಲ್‌ಸಾಬ್ ತಲೆಗೆ ಕೈ ಹಚ್ಚಿಕೊಂಡು ಕುಸಿದು ಕೂತ. ಶಾಕೀರಾ ಬಾಯಿಗೆ ಸೆರಗು ಒತ್ತಿಕೊಂಡಳು.

"ಅವನ್ನ ಕರಿ ದಾವಲ್," ಎಂದ ಹಂಪಣ್ಣ. "ಅಕೀ ಸಲುವಾಗಿ ಒಂದೀಟು ಅಳಬೇಕು. ಜಲ್ದಿ ಕರಿ."

ದಾವಲ್‌ಸಾಬ್ ಕರೆಯಲಿಲ್ಲ. "ಅಕಿ ಕರೀಲಿಲ್ಲೇನು, ಕಡೀಕೂ?"

"ಅಕಿಗೆಲ್ಲೈತಿ ಹೆಸರು?"

"ಐತಿ." ಅವನು ಕೆಮ್ಮಿ ಸುಧಾರಿಸಿಕೊಂಡ. "ಯಾರ ಮುಂದೂ ಹೇಳಬ್ಯಾಡ ಅಂತ ಆಣಿ ಹಾಕಿಸಿಕೊಂಡಿದ್ಲು. ಇನ್ನ ಯಾರಿಗಂತ ಮುಚ್ಚಿಡ್ಲಿ? ಈರಮ್ಮ ಹೋದ ವರ್ಷ, ಮಳಿಗಾಲದಾಗ, ಸಂತೆಕಲ್ಲೂರಿಂದ ತಮ್ಮನ ಜೋಡಿ ಬಂಡಿ ಕಟಗೊಂಡು ಬಂದಿದ್ಲು. ಇದ ಚಾಪಿ ಮ್ಯಾಲ ಕುಂತು ಅಳಾಕತ್ತಿದ್ಲು. ನಿಮ್ಮ ಮಠದ ಕಟ್ಟು ನನಗೇನು ಗೊತ್ತಲೇ? ಹೆಸರು ಹೇಳಿಬಿಟ್ಟೆ."

ಹಂಪಣ್ಣ ಅವನನ್ನೇ ನೋಡುತ್ತಿದ್ದ. ಐದು ವರ್ಷಗಳ ಸಂಜೆಗಳು, ತೆರೆದು ಮುಚ್ಚಿದ ತುಟಿ, ಎಲ್ಲಾ ಒಟ್ಟಿಗೆ ಎದುರಿಗೆ ಬಂದು ನಿಂತವು. "ಗೊತ್ತಿದ್ದೂ ಯಾಕ ಕರೀಲಿಲ್ಲ?"

"ನಾ ಹೇಳಿದೆ, ಹೋಗಿ ಇವತ್ತ ಕರಿಯವಾ, ಓಡಿ ಬರತಾನ ಅಂತ. ಅಕಿ ಏನಂದ್ಲು ಗೊತ್ತೇನು? 'ಕರದ್ರ ಅವರು ಮಠದ ಕಟ್ಟಿಗಂತ ಬರತಾರಣ್ಣಾ, ನನ್ನ ಸಲುವಾಗಿ ಬರಂಗಿಲ್ಲ. ಹೆಸರು ನನ್ನ ಕಡೆ ಇರಲಿ, ಜೀವಕ್ಕ ಒಂದು ಆಸರ ಆಗತೈತಿ. ಆದ್ರ ನಾ ಕಾಯ್ತೀನಿ. ಒಂದಿನ ತಾವಾಗೇ ಬರತಾರ.' ಹಂಗಂದು ಕಣ್ಣು ಒರಸಿಕೊಂಡು ಎದ್ಲು. ನಕ್ಕೊಂತ ಹೋದ್ಲಲೇ ಹಂಪಾ."

ಗಣಿಯ ಕಡೆ ಮುಂದಿನ ಪಾಳಿಯ ಭೋಂಗಾ ಕೂಗಿತು. ಜನ ಬೀದಿಯಲ್ಲಿ ಬುತ್ತಿ ಹಿಡಿದು ನಡೆಯತೊಡಗಿದರು. ದಾವಲ್‌ಸಾಬ್ ಮುಖ ಒರೆಸಿಕೊಂಡು, ಗಂಟಲು ಸರಿಮಾಡಿಕೊಂಡು, "ತಡಿ, ಕರೀತೀನಿ" ಎಂದು ಗೆಳೆಯನ ಕಡೆ ತಿರುಗಿದ. ತಿರುಗಿದವನು ಹಾಗೆಯೇ ಕೂತುಬಿಟ್ಟ.

ಹಂಪಣ್ಣ ಚಾಪೆಯ ಮೇಲೆ ಬಿದ್ದುಬಿಟ್ಟಿದ್ದ. ನೆಲಕ್ಕೆ ಹಣೆ ಹಚ್ಚಿ, ಸಂಗಮ್ಮನ ಹೆಸರು ಹಿಡಿದು, ಈರಮ್ಮನ ಹೆಸರು ಹಿಡಿದು ಒದರಿ ಅಳುತ್ತಿದ್ದ. ಬೀದಿಯಲ್ಲಿ ಹೋಗುತ್ತಿದ್ದವರು ನಿಂತು ನೋಡಿದರು. ಅವನಿಗೆ ಅದರ ಪರಿವೆಯೇ ಇರಲಿಲ್ಲ.

"ನಾ ಇನ್ನಾ ಕರದ ಇಲ್ಲಲ್ಲೋ," ಎಂದ ದಾವಲ್‌ಸಾಬ್, ಗಾಬರಿಯಿಂದ.

ಆ ಮಾತು ಹಂಪಣ್ಣನಿಗೆ ಕೇಳಿಸಿತು. ಅಳುವಿನ ನಡುವೆಯೇ ಅವನು ತಲೆಯೆತ್ತಿ ನೋಡಿದ. ಯಾರೂ ಕರೆದಿರಲಿಲ್ಲ, ನಿಜ. ಹಟ್ಟಿಯಲ್ಲಿ ಯಾರನ್ನೂ ಕಟ್ಟಿಹಾಕಿರಲಿಲ್ಲ. ಒಳಮನೆಯವನು ಮಗಳು ಹೋದ ದಿನವೂ ಬರಬಹುದಿತ್ತು, ಆ ಎಲ್ಲ ಸಂಜೆಗಳಲ್ಲೂ ಬರಬಹುದಿತ್ತು. ನಿನ್ನೆ ಮೊನ್ನೆ ಸಿಂಧನೂರಿನ ಮಂಚದ ಪಕ್ಕದಲ್ಲಿ ಗಂಟಲವರೆಗೆ ಬಂದವನನ್ನು ತಾನೇ ನುಂಗಿದ್ದ.

"ಅಕಿ ಕಾದದ್ದು ಇದನ್ನ," ಎಂದ. "ಇಷ್ಟನ್ನ, ದಾವಲ್. ಬಾಳ ಏನೂ ಕೇಳಿರಲಿಲ್ಲ ಅಕಿ."

ಶಾಕೀರಾ ತಂಬಿಗೆಯಲ್ಲಿ ನೀರು ತಂದು ಮುಂದಿಟ್ಟಳು. ಅವನು ಕುಡಿಯಲಿಲ್ಲ. ಪಾಳಿಯ ಜನವೆಲ್ಲ ಗಣಿಯ ಕಡೆ ಹೋಗಿ ಬೀದಿ ಖಾಲಿಯಾದ ಮೇಲೂ ಅವನು ಅಳುತ್ತಲೇ ಇದ್ದ, ದಾವಲ್‌ಸಾಬ್ ಅವನ ಬೆನ್ನು ಸವರುತ್ತಾ ಕೂತಿದ್ದ.